ಮೂವತ್ತನಾಲ್ಕನೇ ಪದ್ಯಕ್ಕೆ ಮುಳುಗಿದ ಬಟ್ಟಲು

ನಮ್ಮ ಮನೆಗೆ ಹೆಣ್ಣು ಕೂಸು ಬಂದಿದೆ. ಹನ್ನೊಂದು ವರ್ಷ ಕಾದ ನನ್ನ ಕಿರಿಯ ಸೊಸೆ ಮೂರು ದಿನದ ಹಿಂದೆ ಹಿರೇಕೆರೂರಿನ ದವಾಖಾನೆಯಲ್ಲಿ ಹಡೆದಳು, ಇವತ್ತು ಮಧ್ಯಾಹ್ನ ಕೂಸನ್ನು ಎತ್ತಿಕೊಂಡು ಚಿಕ್ಕೇರೂರಿನ ಹೊಸ್ತಿಲು ದಾಟಿದಳು. ಓಣಿಯ ಮನೆಮನೆಗೂ ನಾನೇ ಹೋಗಿ ಸಕ್ಕರೆ ಹಂಚಿದೆ. ಮೊಣಕಾಲು ನೋವು ಎಲ್ಲಿ ಹೋಗಿತ್ತೋ ತಿಳಿಯದು. ಒಂದು ಮನೆಗೆ ಎರಡು ಸಲ ಹೋದೆನಂತೆ, ಅವರೂ ನಗುತ್ತ ಎರಡು ಸಲ ಕೈ ಚಾಚಿದರು.

ಕೂಸಿಗೆ ಎರೆಯುವ ನೀರಿಗೆಂದು ಅಟ್ಟದ ಮೇಲಿನ ತಾಮ್ರದ ಹಂಡೆ ಇಳಿಸಿ, ಹುಣಸೆಹಣ್ಣು ಹಚ್ಚಿ ತಿಕ್ಕುತ್ತ ಕುಳಿತಿದ್ದೆ. ಮಗ ದವಾಖಾನೆಯ ಚೀಟಿ ತಂದು, ಹುಟ್ಟಿದ ಹೊತ್ತು ಒಂಬತ್ತು ಗಂಟೆ ನಲವತ್ತೆರಡು ನಿಮಿಷ ಎಂದು ಓದಿದ. ಪಕ್ಕದ ಮನೆಯಾಕೆ ಗೋಡೆಯ ಕ್ಯಾಲೆಂಡರ್ ನೋಡಿ ಮೂಲಾ ನಕ್ಷತ್ರ ಎಂದಳು. ಎಂದವಳು ತಾನೇ ನಾಲಿಗೆ ಕಚ್ಚಿಕೊಂಡಳು.

ನನ್ನ ಕೈ ನಿಂತಿತು. ಹುಳಿ ಮತ್ತು ತಾಮ್ರ ಕೂಡಿದ ಆ ವಾಸನೆ ಮೂಗಿಗೆ ಅಡರಿತು, ನಾನು ಹದಿನಾಲ್ಕು ವರ್ಷದವಳಾಗಿ ನನ್ನ ತವರು ತಿಳವಳ್ಳಿಯ ಗುಡಿಯ ಹಿತ್ತಲಲ್ಲಿ ಕುಳಿತುಬಿಟ್ಟೆ. ಮಡಿಲಲ್ಲಿ ಒಂದು ಬಟ್ಟಲು.

ನಾನು ಮೂರನೇ ಇಯತ್ತೆ ಕಲಿತವಳು. ಕಾವ್ಯ ಗೀವ್ಯ ನನಗೆ ತಿಳಿಯದು. ತಿಳಿದಷ್ಟು ನಮ್ಮೂರ ಪುರಾಣದ ಅಜ್ಜಾರಿಂದ ಕಿವಿಗೆ ಬಿದ್ದದ್ದು. ಅವರ ಹೆಸರು ಹಿಡಿದು ಕರೆದವರನ್ನು ನಾನು ಕಾಣೆ. ಗುಡಿಗೆ ಹತ್ತಿದ ಒಂದು ಕೋಣೆಯಲ್ಲಿ ಒಬ್ಬರೇ ಇದ್ದರು. ಶ್ರಾವಣ ಬಂತೆಂದರೆ ದೀಪ ಹಚ್ಚುವ ಹೊತ್ತಿಗೆ ಓಲೆಗರಿಯ ಕಟ್ಟು ಬಿಚ್ಚಿ, ನೂರಾರು ವರ್ಷದ ಹಿಂದಿನ ಯಾವುದೋ ಕವಿಯ ಪದ್ಯಗಳನ್ನು ರಾಗವಾಗಿ ಓದಿ ಅರ್ಥ ಹೇಳುತ್ತಿದ್ದರು. ಹಿಂದಿನ ಕವಿಗಳು ಕಥೆ ಶುರು ಮಾಡುವ ಮೊದಲು ಕತ್ತೆತ್ತಿ ಮೇಲೆ ನೋಡುತ್ತಿದ್ದರು, ಸೂರ್ಯ ಮುಳುಗದೆ ಚಂದ್ರ ಏಳದೆ ಅವರ ಕಾವ್ಯ ಒಂದು ಹೆಜ್ಜೆ ಮುಂದಕ್ಕೆ ಹೋಗುವುದಿಲ್ಲ ಎಂದು ನಗುತ್ತಿದ್ದರು. ರಾಣಿ ಅತ್ತರೆ ರೋಹಿಣಿ ಮಂಕಾಗಬೇಕು, ರಾಜ ದಂಡೆತ್ತಿ ಹೊರಟರೆ ಮಂಗಳ ಕೆಂಪಾಗಬೇಕು.

ಊರಿಗೆ ಹೊತ್ತು ಹೇಳುವವರೂ ಅವರೇ. ಎರಡನೇ ಮಹಾಯುದ್ಧದ ಕಾಲ ಅದು, ಗಡಿಯಾರ ನೋಡಬೇಕೆಂದರೆ ಹಾನಗಲ್ಲಿನ ಕಚೇರಿಗೆ ಹೋಗಬೇಕು. ಅಜ್ಜಾರ ಹತ್ತಿರ ಅವರ ತಂದೆಯ ಕಾಲದ ಗಳಿಗೆ ಬಟ್ಟಲಿತ್ತು. ಅಂಗೈಯಷ್ಟು ಅಗಲದ ತಾಮ್ರದ ಬಟ್ಟಲು, ತಳದಲ್ಲಿ ಸೂಜಿಮೊನೆಯಷ್ಟು ತೂತು. ನೀರಿನ ಮೇಲೆ ತೇಲಿಬಿಟ್ಟರೆ ಆ ತೂತಿನಿಂದ ನೀರೇರಿ ಮುಳುಗುತ್ತದೆ. ಒಂದು ಸಲ ಮುಳುಗಿದರೆ ಒಂದು ಗಳಿಗೆ, ಈಗಿನ ಇಪ್ಪತ್ತನಾಲ್ಕು ನಿಮಿಷ. ಯಾರ ಮನೆಯಲ್ಲಾದರೂ ಬೇನೆ ಶುರುವಾಯಿತೆಂದರೆ ಅಜ್ಜಾರು ಸೂರ್ಯ ಹುಟ್ಟಿದಾಗಿನಿಂದ ಬಟ್ಟಲು ಬಿಟ್ಟು, ಮುಳುಗಿದ್ದಕ್ಕೊಂದು ಗೀರು ಎಳೆದು, ಕೂಸು ಅತ್ತ ಹೊತ್ತು ಬರೆದಿಟ್ಟು ನಕ್ಷತ್ರ ಹೇಳುವರು. ದಿನದ ಪುರಾಣಕ್ಕೂ ಅದೇ ಅಳತೆ. ಬಟ್ಟಲು ಮುಳುಗಿತೆಂದರೆ ಓದು ಮುಗಿಯಿತು, ಅರ್ಥ ಹೇಳುವುದು ಆಮೇಲೆ.

ಅವರಿಗೊಂದು ಹೆಮ್ಮೆ ಇತ್ತು. ಅವರ ತಂದೆ ಒಂದು ಗಳಿಗೆಯಲ್ಲಿ ಮೂವತ್ತನಾಲ್ಕು ಪದ್ಯ ಓದುತ್ತಿದ್ದರಂತೆ. ಇವರು ನಲವತ್ತು ಓದುತ್ತಿದ್ದರು. ಊರ ಹಿರಿಯರೂ ಅದನ್ನು ಹೇಳಿ ಹೇಳಿ ಹೊಗಳುತ್ತಿದ್ದರು.

ನಾನು ಹುಟ್ಟಿದಾಗ ಅವರು ಬರೆದದ್ದು ಸೂರ್ಯೋದಯದಿಂದ ಹತ್ತು ಗಳಿಗೆ. ಪಂಚಾಂಗದ ಪ್ರಕಾರ ಅವತ್ತು ಹನ್ನೊಂದು ಗಳಿಗೆಯ ತನಕ ಮೂಲಾ ಇತ್ತು. ಮೂಲಾದ ಹೆಣ್ಣು ಮನೆಯ ಹಿರಿಯ ಗಂಡಸನ್ನು ತಿನ್ನುತ್ತಾಳೆ, ಮದುವೆಗೆ ಮುಂಚೆ ಅಪ್ಪನನ್ನು, ಆಮೇಲೆ ಮಾವನನ್ನು ಎಂದು ಹೆಂಗಸರು ಬಾವಿಕಟ್ಟೆಯಲ್ಲಿ ನನ್ನೆದುರೇ ಆಡುತ್ತಿದ್ದರು. ಬೆಳಿಗ್ಗೆ ಎದ್ದು ಮಗಳ ಮುಖ ನೋಡಬೇಡ ಎಂದು ಅಪ್ಪನಿಗೆ ಹೇಳಿದವರಿದ್ದರು. ಅಪ್ಪ ಬೇಕೆಂದೇ ಕಣ್ಣು ಬಿಡುವ ಮೊದಲು ನನ್ನನ್ನು ಕರೆದು, ಎದುರಿಗೆ ನಿಲ್ಲಿಸಿಕೊಂಡು, ಆಮೇಲೆ ಕಣ್ಣು ಬಿಡುತ್ತಿದ್ದ. ಅದರಿಂದ ನನ್ನ ಭಯ ಇನ್ನೂ ಹೆಚ್ಚುತ್ತಿತ್ತು. ಅಕ್ಕಿ ಚೀಲ ಹೇರಿಕೊಂಡು ಅಪ್ಪ ಸವಣೂರಿನ ಸಂತೆಗೆ ಹೋದನೆಂದರೆ ಎತ್ತಿನ ಗಂಟೆಯ ಸದ್ದು ತಿರುಗಿ ಕೇಳುವ ತನಕ ನನಗೆ ಅನ್ನ ಇಳಿಯುತ್ತಿರಲಿಲ್ಲ. ಅಪ್ಪ ಕೆಮ್ಮಿದರೂ ನನ್ನಿಂದಲೇ ಎನಿಸುತ್ತಿತ್ತು.

ಆ ವರ್ಷ ಚಿಕ್ಕೇರೂರಿನಿಂದ ನನ್ನನ್ನು ಕೇಳಿಕೊಂಡು ಬಂದರು. ಹುಡುಗ ಒಪ್ಪಿದ, ಮನೆತನ ಒಪ್ಪಿತು. ನಕ್ಷತ್ರ ಕೇಳಿದ ಮೇಲೆ ವಿಚಾರ ಮಾಡಿ ಹೇಳುತ್ತೇವೆಂದು ಎದ್ದು ಹೋದರು. ಹುಡುಗನಿಗೆ ತಂದೆ ಇದ್ದರಲ್ಲ.

ಅದೇ ಶ್ರಾವಣದ ಪುರಾಣದಲ್ಲಿ ಒಬ್ಬ ರಾಜಕುಮಾರಿ ಮೂಲಾದಲ್ಲಿ ಹುಟ್ಟಿದಳು. ಆಕಾಶದ ಚೇಳು ಅರಮನೆಯ ಮೇಲೆ ಕೊಂಡಿ ಎತ್ತಿತು ಎಂದು ಕವಿ ಬರೆದಿದ್ದ. ಅಜ್ಜಾರು ಅದನ್ನು ಎಷ್ಟು ಚಂದ ಓದಿದರೆಂದರೆ ಕುಳಿತ ಹೆಂಗಸರೆಲ್ಲ ಒಮ್ಮೆಗೇ ತಿರುಗಿ ನನ್ನನ್ನು ನೋಡಿದರು. ಮನೆಗೆ ಬರುವಾಗ ಮೋಡ ಸರಿದು, ಗುಡಿಯ ದಕ್ಷಿಣಕ್ಕೆ ಮೂಲಾದ ಚುಕ್ಕಿಗಳ ಆ ಕೊಂಡಿ ನಿಜಕ್ಕೂ ಕಂಡಿತು. ಅಪ್ಪ ಮುಂದೆ ನಡೆಯುತ್ತಿದ್ದ. ಕೊಂಡಿ ಅವನ ತಲೆಯ ಮೇಲೇ ಇತ್ತು. ನಾನು ಓಡಿ ಹೋಗಿ ಅವನ ಮುಂದೆ ನಡೆದೆ, ಚುಚ್ಚುವುದಿದ್ದರೆ ನನ್ನನ್ನೇ ಚುಚ್ಚಲಿ ಎಂದು.

ಮರುದಿನ ಹೊತ್ತೇರಿದ ಮೇಲೆ ಅಜ್ಜಾರ ಕೋಣೆ ಗುಡಿಸಲು ಹೋದೆ. ದೀಪ, ತಂಬಿಗೆ ತಿಕ್ಕಿಡುವುದು ನನ್ನ ದಿನದ ಕೆಲಸ. ಅವರಿರಲಿಲ್ಲ. ಬಟ್ಟಲನ್ನು ಯಾರೂ ಮುಟ್ಟುವಂತಿರಲಿಲ್ಲ, ಅವರು ನೀರಲ್ಲಿ ಅದ್ದಿ ಒರೆಸಿ ಇಡುತ್ತಿದ್ದರು, ಅಷ್ಟೇ. ಅದು ಕರ್ರಗಾಗಿತ್ತು. ನನಗೆ ಏನು ಬುದ್ಧಿ ಬಂತೋ... ಹೊತ್ತು ಹೇಳುವ ಬಟ್ಟಲನ್ನು ಚೊಕ್ಕ ಮಾಡಿದರೆ ನನ್ನ ಹೊತ್ತೂ ಚೊಕ್ಕವಾದೀತು ಎಂದೇನೋ. ಹಿತ್ತಲಿಗೆ ಒಯ್ದು, ಹುಣಸೆಹಣ್ಣು ಬೂದಿ ಹಚ್ಚಿ ಗಸಗಸ ತಿಕ್ಕಿದೆ. ತಳದಿಂದ ಅಕ್ಕಿನುಚ್ಚಿನಷ್ಟು ಬಿಳಿ ಹರಳೊಂದು ಉದುರಿ ಅಂಗೈಗೆ ಬಿತ್ತು. ಬೆಳಕಿಗೆ ಹಿಡಿದು ನೋಡಿದೆ. ತೂತು ಮೊದಲಿಗಿಂತ ದೊಡ್ಡದಾಗಿ ಕಂಡಿತು.

ಬಟ್ಟಲನ್ನು ಇದ್ದಲ್ಲೇ ಇಟ್ಟು, ಹರಳನ್ನು ಸೆರಗಿನ ತುದಿಗೆ ಗಂಟು ಹಾಕಿಕೊಂಡು ಮನೆಗೆ ಓಡಿದೆ.

ಅಂದು ಸಂಜೆ ಅಜ್ಜಾರು ಎಂದಿನಂತೆ ಓದಿದರು. ಮೂವತ್ತನಾಲ್ಕನೇ ಪದ್ಯಕ್ಕೆ ಬಟ್ಟಲು ಮುಳುಗಿತು. ಅವರು ನೀರನ್ನೇ ನೋಡುತ್ತ ಕುಳಿತರು. ಮಾರನೆಯ ದಿನವೂ ಮೂವತ್ತನಾಲ್ಕು. ಅಜ್ಜಾರಿಗೆ ಉಸಿರು ಕಡಿಮೆಯಾಗಿದೆ, ಈ ವರ್ಷ ದಾಟುವುದು ಕಷ್ಟ ಎಂದು ಜನ ಪಿಸುಗುಟ್ಟಿದರು. ಅವರೂ ಹಾಗೆಯೇ ತಿಳಿದಿದ್ದರೆಂದು ಕಾಣುತ್ತದೆ, ಓಲೆಗರಿ ಕಟ್ಟುವ ಮೊದಲು ತಮ್ಮ ನಾಡಿ ತಾವೇ ಹಿಡಿದು ನೋಡಿಕೊಂಡರು. ಅಪ್ಪನನ್ನು ಬಿಟ್ಟು ನಾನು ಅಜ್ಜಾರನ್ನು ತಿನ್ನತೊಡಗಿದೆ ಎಂದುಕೊಂಡೆ. ಎರಡು ದಿನ ಯಾರಿಗೂ ಹೇಳಲಿಲ್ಲ. ಮೂರನೆಯ ದಿನ ಬೆಳಿಗ್ಗೆ ಹೋಗಿ ಅವರ ಮುಂದೆ ಸೆರಗಿನ ಗಂಟು ಬಿಚ್ಚಿದೆ.

“ಅಜ್ಜಾರ, ನಾ ಬಟ್ಟಲಾ ಕೆಡಿಸೇನ್ರಿ.”

ಅವರು ಹರಳನ್ನು ಬೆರಳ ತುದಿಗೆ ತೆಗೆದುಕೊಂಡು ಹಲ್ಲಿನಲ್ಲಿ ಕಡಿದು ನೋಡಿದರು. ಬಾವಿಯ ನೀರಿನ ಸುಣ್ಣ. ಹೊಡೆಯುತ್ತಾರೆಂದು ಕಣ್ಣು ಮುಚ್ಚಿದೆ. ಅವರು ಬಟ್ಟಲು ಬಿಡಲು ಹೇಳಿ, ಹಾಡುತ್ತ ಬೆರಳು ಎಣಿಸಿದರು. ಮೂರು ಸಲ ಬಿಡಿಸಿದರು. ಮೂರು ಸಲವೂ ಮೂವತ್ತನಾಲ್ಕು. ಅವರ ಮುಖದಲ್ಲಿ ನಾನು ಅಂದು ಕಂಡದ್ದು ಭಯ, ನನ್ನದರಂಥದೇ. ದೊಡ್ಡವರಿಗೂ ಹಾಗಾಗುತ್ತದೆಂದು ನನಗೆ ಅಲ್ಲಿಯ ತನಕ ಗೊತ್ತಿರಲಿಲ್ಲ.

“ನನ್ನ ನಾಲಿಗಿ ಚುರುಕ ಇರಲಿಲ್ಲ ತಂಗಿ,” ಎಂದರು. “ತೂತು ಸಣ್ಣಾಗಿ ಬಟ್ಟಲಾ ತಡಾ ಮಾಡಿ ಮುಳುಗಾಕತ್ತಿತ್ತು. ನಾ ಇಪ್ಪತ್ತು ವರ್ಷದಿಂದ ನಲವತ್ತು ಓದೇನಿ ಅಂತ ಮೀಸಿ ತಿರುವಿದೆ.”

ಆಮೇಲೆ ಗೂಡಿನಿಂದ ಹಳೆಯ ಕಾಗದದ ಕಟ್ಟು ತೆಗೆದು ನನ್ನ ಚೀಟಿ ಹುಡುಕಿದರು. ನಾನು ಹುಟ್ಟಿದಾಗಲೂ ಅವರು ನಲವತ್ತೇ ಓದುತ್ತಿದ್ದರು. ಅಂದರೆ ಹತ್ತು ಎಂದು ಎಣಿಸಿದ್ದು ನಿಜವಾಗಿ ಹನ್ನೆರಡರ ಸಮೀಪ. ಹನ್ನೊಂದಕ್ಕೆ ಮೂಲಾ ಮುಗಿದು ಹೋಗಿತ್ತು. ಇದನ್ನು ಅವರು ಎರಡು ಸಲ ಬಿಡಿಸಿ ಹೇಳಿದರೂ ನನಗೆ ಅರ್ಥವಾಗಲಿಲ್ಲ. ನಮ್ಮಪ್ಪ ಸಾಯುವುದಿಲ್ಲವೇ ಎಂದಷ್ಟೇ ಕೇಳಿದೆ.

“ಸಾಯತಾನ, ಎಲ್ಲಾರೂ ಸಾಯತಾರ. ನಿನ್ನಿಂದ ಅಲ್ಲ,” ಎಂದು ನನ್ನ ತಲೆಯ ಮೇಲೆ ಕೈ ಇಟ್ಟರು. ಇನ್ನೊಂದು ಕೈ ಕಾಗದದ ಕಟ್ಟಿನ ಮೇಲೇ ಇತ್ತು. ಅದರಲ್ಲಿದ್ದದ್ದು ನನ್ನ ಚೀಟಿಯೊಂದೇ ಅಲ್ಲವಲ್ಲ. ಇಪ್ಪತ್ತು ವರ್ಷದ ಕೂಸುಗಳೆಲ್ಲ ಅದರಲ್ಲಿದ್ದವು. ನನಗೊಬ್ಬಳಿಗೆ ಗುಟ್ಟಾಗಿ ತಿದ್ದಿಕೊಟ್ಟಿದ್ದರೆ ಅವರ ಮಾನ ಉಳಿಯುತ್ತಿತ್ತು.

ಪುರಾಣದ ಕಡೆಯ ದಿನ ಗುಡಿ ತುಂಬಿತ್ತು. ಯಾವ ಮಾಸ, ಯಾವ ತಿಥಿ, ಯಾವ ನಕ್ಷತ್ರದಲ್ಲಿ ಕಾವ್ಯ ಮುಗಿಸಿದೆ ಎಂದು ಕವಿ ಕೊನೆಗೆ ಹೇಳಿದ್ದ, ತಪ್ಪಿದ್ದರೆ ಬಲ್ಲವರು ತಿದ್ದಿರಿ ಎಂದೂ ಕೇಳಿಕೊಂಡಿದ್ದ. ಅಜ್ಜಾರು ಅದನ್ನು ಓದಿ ಓಲೆಗರಿ ಕಟ್ಟಲಿಲ್ಲ. ಎದ್ದು ನಿಂತರು.

“ಆಕಾಶಾ ಎಲ್ಲಾ ಓದಿದ ಕವಿ ತನ್ನ ತಪ್ಪು ತಿದ್ದ್ರಿ ಅಂತಾನ. ನಾ ಯಾವ ಗಿಡದ ತಪ್ಪಲಾ? ನನ್ನ ಬಟ್ಟಲಾ ತಪ್ಪಿತ್ರಿ. ನಿಮ್ಮ ಮಕ್ಕಳಿಗೆ ನಾ ಬರದ ಹೊತ್ತು ಖರೇ ಅಲ್ಲ.”

ಆಮೇಲಿನ ಗದ್ದಲ ನನಗೆ ಈಗಲೂ ಕಿವಿಯಲ್ಲಿದೆ. ಮಗಳನ್ನು ನಕ್ಷತ್ರ ಕೂಡಲಿಲ್ಲವೆಂದು ಎರಡನೇ ಸಂಬಂಧಕ್ಕೆ ಕೊಟ್ಟವರು ಒಬ್ಬರಿದ್ದರು. ಅವರು ಹೆಗಲ ವಸ್ತ್ರ ಕೊಡವಿ ಹೊರಗೆ ನಡೆದರು. ಅವರ ಹಿಂದೆ ಮತ್ತಿಬ್ಬರು, ಮತ್ತೆ ಹತ್ತು ಜನ. ಆರತಿಗೆ ಉಳಿದವರು ಬೆರಳೆಣಿಕೆಯಷ್ಟು. ಅಪ್ಪ ಮಾತ್ರ ಮುಂದೆ ಹೋಗಿ ಅಜ್ಜಾರ ಕಾಲು ಹಿಡಿದು, ಎಷ್ಟು ಹೊತ್ತಾದರೂ ಬಿಡಲಿಲ್ಲ. ಅಷ್ಟು ದಿನ ಅಪ್ಪನೂ ಹೆದರಿದ್ದ ಎಂದು ನನಗೆ ಆಗ ತಿಳಿಯಿತು.

ಸುದ್ದಿ ಚಿಕ್ಕೇರೂರಿಗೆ ಮುಟ್ಟಿತು. ಹುಡುಗನ ತಂದೆ ತಾವೇ ಬಂಡಿ ಕಟ್ಟಿಕೊಂಡು ಬಂದರು. ಮದುವೆಗೆ ಹಾನಗಲ್ಲಿನಿಂದ ಕೈಗಡಿಯಾರ ತರಿಸೋಣವೆಂದು ನಮ್ಮವರು ಹೇಳಿದರೆ ಅವರು ತಲೆ ಅಲ್ಲಾಡಿಸಿದರು. ತಪ್ಪಿತ್ತೆಂದು ಬಾಯಿ ಬಿಟ್ಟು ಹೇಳಿದ ಬಟ್ಟಲು ಇದೊಂದೇ, ಇದರಲ್ಲೇ ಅಕ್ಷತೆಯ ಹೊತ್ತು ನೋಡಬೇಕು ಎಂದರು. ಹಾಗೆಯೇ ಆಯಿತು. ಅದು ಮುಳುಗಿದಾಗ ಅಜ್ಜಾರು ಕಣ್ಣೊರೆಸಿಕೊಂಡು ಅಕ್ಷತೆ ಹಾಕಿದರು. ಬಂಡಿ ಹೊರಡುವಾಗ ಬಟ್ಟಲನ್ನು ನನ್ನ ಉಡಿಗೆ ಇಟ್ಟು, ಇನ್ನು ಈ ಊರಲ್ಲಿ ಇದನ್ನು ಕೇಳಿಕೊಂಡು ಬರುವವರಿಲ್ಲ, ವರ್ಷಕ್ಕೊಮ್ಮೆ ಹುಣಸೆಹಣ್ಣು ಹಚ್ಚಿ ತಿಕ್ಕು ಎಂದರು.

ಅವರು ಹೇಳಿದಂತೆಯೇ ಆಯಿತು. ಮರುವರ್ಷ ಪುರಾಣಕ್ಕೆ ಶಿಗ್ಗಾಂವಿಯಿಂದ ಬೇರೆಯವರನ್ನು ಕರೆಸಿದರು. ಕೋಣೆ ಗುಡಿಸಲು ನಾನೂ ಇರಲಿಲ್ಲ. ಮೊದಲ ಬಾಣಂತನಕ್ಕೆ ತವರಿಗೆ ಹೋದಾಗ ಆ ಕೋಣೆಗೆ ಬೀಗ ಬಿದ್ದಿತ್ತು. ಒಂದು ದಿನ ಬೆಳಿಗ್ಗೆ ಬಾಗಿಲು ತೆಗೆಯಲಿಲ್ಲವಂತೆ. ಊರಿನ ಎಲ್ಲರ ಹುಟ್ಟಿದ ಹೊತ್ತು ಬರೆದವರು, ಅವರು ಹೋದ ಹೊತ್ತನ್ನು ಬರೆಯುವವರೇ ಇರಲಿಲ್ಲ... ನನ್ನಿಂದ ಆಯಿತೇ ಎಂದು ಎಷ್ಟೋ ವರ್ಷ ಬೆಚ್ಚಿದ್ದೇನೆ.

ಅಪ್ಪ ಮೊಮ್ಮಕ್ಕಳನ್ನು ಆಡಿಸಿ ಹೋದ. ಮಾವನವರು ಹಲ್ಲೆಲ್ಲ ಉದುರುವ ತನಕ ನನ್ನ ಕೈಯ ರೊಟ್ಟಿ ಉಂಡು, ಉದುರಿದ ಮೇಲೆ ಹಾಲಲ್ಲಿ ನೆನೆಸಿ ಉಂಡು, ತುಂಬಿದ ವಯಸ್ಸಿಗೆ ಹೋದರು.

ಅದೆಲ್ಲ ಸರಿ. ಆದರೆ ಇವತ್ತು ಚೀಟಿಯಲ್ಲಿದ್ದದ್ದು ಬಟ್ಟಲಿನ ಹೊತ್ತಲ್ಲ, ಗಡಿಯಾರದ್ದು. ನನಗೆ ಮೂಲಾ ತಪ್ಪಿತ್ತು, ಈ ಕೂಸಿಗೆ ತಪ್ಪಿಲ್ಲ. ಬಾಣಂತಿಯ ಕಿವಿಗೆ ಅದು ಬಿದ್ದು, ಅವಳ ಕಣ್ಣು ನನ್ನ ಮೇಲೆ ನೆಟ್ಟಿತ್ತು. ನಾನು ಕೈ ತೊಳೆದುಕೊಂಡು ಹೋಗಿ ಕೂಸನ್ನು ಎತ್ತಿ, ಮನೆಯ ಹಿರಿಯ ಗಂಡಸಿನ, ಅಂದರೆ ನಮ್ಮ ಮನೆಯವರ ತೊಡೆಯ ಮೇಲೆ ಇಟ್ಟೆ. ಹೆದರಿಕೆ ಇರಲಿಲ್ಲವೆಂದರೆ ಸುಳ್ಳಾಗುತ್ತದೆ. ಮೂಲಾದಾಕಿ ಎಂದು ಅವರಿಗೆ ಹೇಳಿದೆ.

“ಬರ್ಲಿ ಬಿಡು,” ಎಂದರು. “ನಿನ್ನ ಕೂಡ ಬಾಳೇವಿ ಮಾಡಿದಾಂವಾ ನಾ. ಇಕಿ ಏನ್ ಮಾಡತಾಳ ನನಗ?”

ಸೊಸೆ ನಕ್ಕಳು. ಸಂಜೆ ಗೋಧಿ ಹುಗ್ಗಿ ಮಾಡಿದೆ. ನಡುಮನೆಯಲ್ಲಿ ಎಲ್ಲರೂ ಒಟ್ಟಿಗೆ ಕುಳಿತೆವು, ಗಂಡುಮಕ್ಕಳು, ಸೊಸೆಯಂದಿರು, ದೊಡ್ಡ ಮಗನ ಮಕ್ಕಳು, ತೊಟ್ಟಿಲ ಪಕ್ಕದಲ್ಲಿ ಬಾಣಂತಿ. ನಮ್ಮ ಮನೆಯವರು ಎರಡನೇ ಸಲ ತುಪ್ಪ ಹಾಕಿಸಿಕೊಂಡರು. ಮೊಮ್ಮಕ್ಕಳು ಪೆಟ್ಟಿಗೆಯಿಂದ ಬಟ್ಟಲು ತೆಗೆದು ಅಗಲವಾದ ಪರಾತದ ನೀರಲ್ಲಿ ಬಿಟ್ಟಿದ್ದರು. ಎಷ್ಟು ಪದ್ಯಕ್ಕೆ ಮುಳುಗುತ್ತದೆಂದು ಹೇಳುವವರು ಇಲ್ಲ. ನಾವು ಉಣ್ಣುತ್ತಿದ್ದೆವು, ಅದು ಮೆಲ್ಲಗೆ ತುಂಬುತ್ತಿತ್ತು.