ಎಡದಿಂದ ಮೂರನೆಯವರು

ಲಾಸ್ ಏಂಜಲೀಸಿಗೆ ಬಂದ ಮೇಲೆ, ಜನ ನಡೆದಾಡುವ ಬೀದಿಯೊಂದನ್ನು ನಾನು ಮೊದಲು ಕಂಡದ್ದು ಗ್ರೇಟಾ ಅವರ ಗ್ಯಾರೇಜಿನ ಗೋಡೆಯ ಮೇಲೆ. ಅಲ್ಲಿ ಹಿಮ ಬಿದ್ದಿತ್ತು. ಹೊರಗೆ ಮೂವತ್ತೆಂಟು ಡಿಗ್ರಿ ಬಿಸಿಲು.

ಅದು ವಿಯೆನ್ನಾ, ಎರಡನೇ ಮಹಾಯುದ್ಧ ಮುಗಿದ ಮರುವರ್ಷ. ಆಗ ಗ್ರೇಟಾ ಅವರ ಕಟ್ಟಡದಲ್ಲಿದ್ದ ಒಬ್ಬರು ತೆಗೆದ ಮೂಕ ಫಿಲ್ಮ್. ಸೂರಿಲ್ಲದ ಮನೆಗಳು, ಟ್ರಾಮ್, ಕೈಗಾಡಿಯಲ್ಲಿ ಕಲ್ಲಿದ್ದಲು, ಬ್ರೆಡ್ಡಿಗೆ ಸಾಲು ನಿಂತ ಹೆಂಗಸರು. ನಾವಿರುವ ಡೈಮಂಡ್ ಬಾರ್ ಎಂಬ ಉಪನಗರದಲ್ಲಿ ಕಾರುಗಳು ಗ್ಯಾರೇಜಿನಿಂದ ಹೊರಟು ಗ್ಯಾರೇಜಿಗೇ ಮರಳುತ್ತವೆ. ಆರು ತಿಂಗಳಾದರೂ ಎದುರುಮನೆಯವರ ಮುಖ ನೋಡಿರಲಿಲ್ಲ. ಮುರಿದುಬಿದ್ದ ಆ ಊರೇ ನನ್ನ ಹುಬ್ಬಳ್ಳಿಯ ಗಿಜಿಗುಡುವ ದುರ್ಗದಬೈಲಿಗೆ ಹತ್ತಿರ ಅನಿಸಿತು.

ಪಕ್ಕದ ಮನೆಯ ಗ್ರೇಟಾ ಎಂಬತ್ತು ದಾಟಿದವರು. ಬರೀ ಹೆಸರಿನಿಂದ ಕರೆಯಲು ನಾಲಿಗೆ ಏಳದೆ 'ಆಂಟಿ' ಅಂದಿದ್ದೆ. ತಾನು ಯಾರ ಚಿಕ್ಕಮ್ಮನೂ ಅಲ್ಲ ಎಂದರು. ಮರುವಾರ ಫೋನಿನಲ್ಲಿ ತಾವೇ 'ಆಂಟಿ ಮಾತಾಡ್ತಿದೀನಿ' ಎಂದರು. ನಾನು ಪತ್ರಿಕೆಯ ಡೆಸ್ಕಿನಲ್ಲಿ ಹತ್ತೊಂಬತ್ತು ವರ್ಷ ಇದ್ದವಳೆಂದು ತಿಳಿದು ಕೆಲಸ ಒಪ್ಪಿಸಿದರು. ಫಿಲ್ಮನ್ನು ವಿಯೆನ್ನಾದ ಮ್ಯೂಸಿಯಂ ಒಂದಕ್ಕೆ ಕೊಡುತ್ತಿದ್ದರು. ಪ್ರತಿ ದೃಶ್ಯಕ್ಕೂ ವಿವರ ಬರೆಯಬೇಕಿತ್ತು.

ಬ್ರೆಡ್ಡಿನ ಸಾಲಿನಲ್ಲಿ ಎಡದಿಂದ ಮೂರನೆಯವರು ತಮ್ಮ ತಾಯಿ ಹೆಲೆನಾ ಎಂದರು. ಕಾಣುವುದು ಬೆನ್ನು ಮಾತ್ರ. ಗುರುತು ಹೇಗೆಂದು ಕೇಳಿದೆ. ಚೀಲದ ಕೈ ಬದಲಿಸುವಾಗ ಬಲಭುಜ ಎತ್ತುವ ರೀತಿ, ಎಂದರು. ಆ ಚಳಿಗಾಲ ದಾಟುವ ಮೊದಲೇ ತಾಯಿ ತೀರಿಕೊಂಡರು, ಗ್ರೇಟಾಗೆ ಆಗ ಆರು ವರ್ಷ. ಫೋಟೊಗಳು ಅದಕ್ಕೂ ಮೊದಲೇ ಮನೆಯೊಂದಿಗೆ ಸುಟ್ಟುಹೋಗಿದ್ದವು. ಗುರುತಿಸಬಲ್ಲವರು ಬೇರೆ ಯಾರೂ ಉಳಿದಿಲ್ಲ.

ಖಚಿತಪಡಿಸುವ ಎರಡನೆಯ ಮೂಲವಿಲ್ಲದೆ ಚಿತ್ರದಡಿ ಹೆಸರು ಹಾಕಬಾರದು ಎಂಬುದು ನಾನು ಡೆಸ್ಕಿನಲ್ಲಿ ಎಂದೂ ಮುರಿಯದ ನಿಯಮ. 'ಅಪರಿಚಿತ ಮಹಿಳೆ' ಎಂದು ಬರೆದು ಓದಿ ಹೇಳಿದೆ.

ಗ್ರೇಟಾ ಪ್ರೊಜೆಕ್ಟರ್ ಆರಿಸಿದರು. "ಯಾರಿಗೆ ಅಪರಿಚಿತಳು? ನಿನಗೋ, ನನಗೋ?"

ಆ ಭಾನುವಾರ ಕ್ಯಾಲಬಾಸಸ್ ದೇವಸ್ಥಾನದಲ್ಲಿ ನಾನು ಪ್ರಸಾದದ ಸಾಲಿನಲ್ಲಿದ್ದಾಗ ಮಗಳು ಅನಘಾ ಹಿಂದಿನಿಂದ ವಿಡಿಯೊ ತೆಗೆದಿದ್ದಳು. ಬರುವಾಗ ಕಾರಿನಲ್ಲಿ ನೋಡಿದೆ. ಸಾಲು ತುಂಬ ಸೀರೆಯ ಬೆನ್ನುಗಳು.

"ಇದರಾಗ ನಾ ಎಲ್ಲಿದ್ದೀನವಾ?" ಎಂದೆ.

ಅವಳು ತಟ್ಟನೆ ಬೆರಳಿಟ್ಟು ಇಂಗ್ಲಿಷಿನಲ್ಲಿ ಹೇಳಿದಳು: ನಾನು ಯಾವಾಗಲೂ ಒಂದೇ ಕಾಲಿಗೆ ಭಾರ ಹಾಕಿ ನಿಲ್ಲುತ್ತೇನಂತೆ. ನನಗೇ ಗೊತ್ತಿರಲಿಲ್ಲ. ಈ ದೇಶದಲ್ಲಿ ನನ್ನ ಬೆನ್ನನ್ನು ಗುರುತಿಸಬಲ್ಲ ಮೂಲ ಅವಳೊಬ್ಬಳೇ.

ಮರುದಿನ ತಿದ್ದಿ ಬರೆದೆ: 'ಎಡದಿಂದ ಮೂರನೆಯವರು ಹೆಲೆನಾ. ಗುರುತಿಸಿದವರು: ಮಗಳು ಗ್ರೇಟಾ.' ಅವರು ಎರಡು ಸಲ ಓದಿಸಿಕೊಂಡರು. ಗುರುತಿಸಿದವರ ಊರು ಯಾವುದು ಎಂಬ ಕಾಲಮ್ಮಿಗೆ ಮೊದಲು ವಿಯೆನ್ನಾ ಎಂದರು, ಆಮೇಲೆ ಡೈಮಂಡ್ ಬಾರ್ ಎಂದರು. ಎರಡನ್ನೂ ಬರೆದೆ.

ಕೊನೆಯ ಸಾಲು ವಿವರ ಬರೆದವರದು. ನನ್ನ ಹೆಸರು ಬರೆದೆ. ಊರಿನ ಜಾಗ ಖಾಲಿ ಬಿಟ್ಟೆ. ಖಚಿತವಾಗದ್ದನ್ನು ಬರೆದು ರೂಢಿಯಿಲ್ಲ. ಗ್ರೇಟಾ ಅದನ್ನು ನೋಡಿ, ಪ್ರೊಜೆಕ್ಟರ್ ಮತ್ತೆ ಹಚ್ಚಿದರು.