ಹದಿನೆಂಟು ಎಂದವಳಿಗೆ

ಗಂಗವ್ವ, ನಿನ್ನ ಉತ್ತರ ಸರಿಯಿತ್ತು. ತಪ್ಪಿದವಳು ನಾನು. ಅದು ನನಗೆ ಅದೇ ದಿನ ಮಧ್ಯಾಹ್ನ ಗೊತ್ತಾಯಿತು — ಗೊತ್ತಾಗಿಯೂ ಬಾಯಿ ಬಿಡಲಿಲ್ಲ.

ಅರವತ್ತರ ದಶಕದ ಆರಂಭ. ದಾಂಡೇಲಿಯ ಕಾಗದದ ಗಿರಣಿಗೆ ಧಾರವಾಡದ ಕಡೆಯಿಂದ ದುಡಿಯಲು ಬಂದವರ ಮಕ್ಕಳೇ ಹೆಚ್ಚಾಗಿದ್ದ ಶಾಲೆ. ನೀನು ಏಳನೇ ಇಯತ್ತೆ. ನನಗೆ ಇಪ್ಪತ್ತೆರಡು, ಕೆಲಸಕ್ಕೆ ಸೇರಿ ಮೂರು ತಿಂಗಳು, ಸಿಟ್ಟು ಮೂಗಿನ ತುದಿಯಲ್ಲೇ. ಗಣಿತ ಕಲಿಸಲು ಹೆಣ್ಣುಮಗಳನ್ನು ಹಾಕಿದ್ದಾರೆಂದು ಹಿರಿಯ ಮಾಸ್ತರರು ನಗುತ್ತಿದ್ದರು. ಹಾಗಾಗಿ ಎಲ್ಲಿಯೂ ತಪ್ಪಬಾರದೆಂಬ ಹಟ — ಹಟವಲ್ಲ, ಭಯ.

ಕರಿಹಲಗೆಯ ಮೇಲೆ ‘೨ಕ್ಷ²’ ಎಂದು ಬರೆದು, ಕ್ಷ ಇದ್ದಲ್ಲಿ ಮೂರು ಹಾಕಿ ಬೆಲೆ ತೆಗೆಯಿರಿ ಎಂದೆ. ಎರಡು ಮೂರಲೆ ಆರು, ಆರರ ವರ್ಗ ಮೂವತ್ತಾರು — ಹಿಂದಿನ ದಿನ ನಾನು ಹಾಗೇ ಕಲಿಸಿದ್ದೆ. ಎಲ್ಲರ ಪಾಟಿಯ ಮೇಲೂ ಮೂವತ್ತಾರು. ನಿನ್ನದರ ಮೇಲೆ ಮಾತ್ರ ಹದಿನೆಂಟು.

“ವರ್ಗ ಬರೇ ಕ್ಷಕ್ಕ ಐತಲ್ರೀ ಅಕ್ಕೋರ, ಎರಡಕ್ಕ ಇಲ್ಲ. ಮೊದಲ ಮೂರರ ವರ್ಗ ಒಂಬತ್ತು, ಆಮ್ಯಾಲ ಅದರ ಎರಡು ಪಟ್ಟು.”

ನನಗೇ ಎದುರು ಮಾತು! ಶಾಲೆಯ ರೂಢಿ ನಿನಗೂ ನೆನಪಿರಬೇಕು — ಸರಿ ಬರೆದವರು ತಪ್ಪು ಬರೆದವರ ಮೂಗು ಹಿಡಿದು ಕೆನ್ನೆಗೆ ಬಾರಿಸಬೇಕು. ಹುಡುಗಿಯರ ಸಾಲಿನ ಹನ್ನೊಂದು ಮಂದಿಯಿಂದ ಹೊಡೆಸಿದೆ. ಮೆಲ್ಲಗೆ ಹೊಡೆದವಳಿಂದ ಎರಡನೇ ಸಲ ಹೊಡೆಸಿದೆ. ನೀನು ಅಳಲಿಲ್ಲ. ಪಾಟಿಯನ್ನೂ ಒರೆಸಲಿಲ್ಲ.

ಊಟದ ಬಿಡುವಿನಲ್ಲಿ ಪುಸ್ತಕದ ಕೊನೆಗಿದ್ದ ಉತ್ತರಗಳ ಪುಟ ತೆರೆದೆ. ಹದಿನೆಂಟು. ಪುಸ್ತಕ ಮುಚ್ಚಿಟ್ಟೆ. ಮರುದಿನ ಆ ಪಾಠ ಬಿಟ್ಟು ಮುಂದಿನದಕ್ಕೆ ಹಾರಿದೆ.

ಅಷ್ಟಕ್ಕೇ ಮುಗಿದಿದ್ದರೆ — ಮುಗಿಯಲಿಲ್ಲ. ಆ ಶನಿವಾರ ಗಿರಣಿಯ ಪಾಳಿ ಮುಗಿಸಿ ನಿನ್ನಪ್ಪ ಬಂದರು. ಜಗಳಕ್ಕಲ್ಲ. ಕೈಮುಗಿದು ಕೇಳಿದರು:

“ಅಕ್ಕೋರ, ನಮ್ಮ ಹುಡುಗಿಗೆ ಲೆಕ್ಕ ತಲಿಗೆ ಹತ್ತತೈತೇನ್ರಿ? ಹತ್ತಿದ್ರ ಓದಸ್ತೇನಿ, ಇಲ್ಲಂದ್ರ ಬಿಡಸ್ತೇನಿ. ನೀವು ಹೇಳಿದ್ದ ಖರೆ.”

“ಹತ್ತೂದಿಲ್ರಿ” ಎಂದೆ.

ಕೋತಿ ತಾನು ತಿಂದು ಮೇಕೆಯ ಬಾಯಿಗೆ ಒರೆಸಿತಂತೆ. ಅದಕ್ಕಾದರೂ ಹಸಿವಿತ್ತು, ನನಗೆ ಏನಿತ್ತು? ಸೋಮವಾರ ನಿನ್ನ ಜಾಗ ಖಾಲಿಯಾಗಿತ್ತು.

ಎಷ್ಟೋ ವರ್ಷಗಳ ಮೇಲೆ ಮುಂಡಗೋಡದ ಸಂತೆಯಲ್ಲಿ ನೀನು ಸಿಕ್ಕೆ. ನಿನ್ನನ್ನು ಸನವಳ್ಳಿಗೆ ಕೊಟ್ಟಿದ್ದರಂತೆ. ನನ್ನ ಕಾಲಿಗೆರಗಿದೆ. ಮಗಳಿಗೆ ನನ್ನನ್ನು ತೋರಿಸಿ ನಗುತ್ತ ಹೇಳಿದೆ: “ಇವರು ನಮ್ಮ ಅಕ್ಕೋರ. ಭಾಳ ಚಲೋ ಕಲಸ್ತಿದ್ರು. ನನಗ ಲೆಕ್ಕ ತಲಿಗೆ ಹತ್ತಲಿಲ್ಲ ನೋಡ, ಅವರದೇನ ತಪ್ಪು?”

ಆಗಲೂ ನಾನು ಸುಮ್ಮನೆ ನಕ್ಕೆ, ಗಂಗವ್ವ. ಬಸ್ಸಿಗೆ ಹೊತ್ತಾಯಿತು ಎಂದೆ.

ಈ ಕಾಗದವನ್ನು ಅಂಚೆಗೆ ಹಾಕುವುದಿಲ್ಲ. ನಾಳೆ ಸನವಳ್ಳಿಗೆ ಬಂದು ನಿನ್ನ ಮಗಳ ಎದುರಿಗೆ ನಾನೇ ಓದುತ್ತೇನೆ. ಕ್ಷಮಿಸು ಎನ್ನುವ ಬಾಯಿ ನನಗಿಲ್ಲ. ಆ ಹನ್ನೊಂದು ಹುಡುಗಿಯರು ನಾನು ಕಲಿಸಿದ್ದನ್ನು ಬರೆದರು, ಅವರ ತಪ್ಪೇನೂ ಇಲ್ಲ. ಶಾಲೆಯ ರೂಢಿಯಂತೆ ಅಂದು ನೀನು ಹಿಡಿಯಬೇಕಾಗಿದ್ದ ಮೂಗು ಒಂದೇ — ನನ್ನದು.