ಗೂಬೆಗೆ ಹೆದರುವ ಮನೆ ಮಾಲೀಕರು

ಮಹಡಿಯ ಮೇಲಿರುವ ನಮ್ಮ ಮನೆ ಮಾಲೀಕರ ಪ್ರಕಾರ ಗೂಬೆ ಕೂಗಿದರೆ ಯಾರಾದರೂ ಸಾಯಲೇಬೇಕು. ಸಂಜೆ ಕೂಗಿತೆಂದರೆ ಬನಿಯನ್ನಿನಲ್ಲೇ ಮೆಟ್ಟಿಲಿಳಿದು ಬಂದು, "ಅಮ್ಮಾ, ಹುಷಾರಾಗಿದ್ದೀರಾ?" ಎಂದು ಮೊದಲು ನನ್ನನ್ನೇ ಕೇಳುತ್ತಾರೆ. ನಾನು ಗಟ್ಟಿಯಾಗಿದ್ದರೆ ಮೂರು ಬೀದಿ ಆಚೆಯಿಂದಾದರೂ ಒಂದು ಸಾವು ಹುಡುಕಿ ತಂದು, "ನೋಡಿದ್ರಾ, ನಾನು ಹೇಳ್ಲಿಲ್ವಾ?" ಎನ್ನುತ್ತಾರೆ. ನನ್ನ ಗಂಡನ ಹೆಣದ ಮುಂದೆ ನಿಂತೂ ಅದನ್ನೇ ಅಂದರು. ಆ ಸಿಟ್ಟು ಇನ್ನೂ ಇಳಿದಿಲ್ಲ. ಹತ್ತೊಂಬತ್ತು ವರ್ಷ ಹಿತ್ತಲ ಮರದ ಕೆಳಗೆ ಪಾತ್ರೆ ತೊಳೆದವಳು ನಾನು. ಚಳಿ ಇಳಿಯುವಾಗ ಆ ಮರದ ಗೂಬೆಗಳು ಗಂಡು ಹೆಣ್ಣು ಸೇರಿ, ಈ ಪೊಟರೆ ನಮ್ಮದು ಎಂದು ಕೂಗುತ್ತವೆ. ಮೊಟ್ಟೆ ಇಟ್ಟ ಮೇಲೆ ಬಾಯಿ ಮುಚ್ಚಿಕೊಳ್ಳುತ್ತವೆ. ಆಮೇಲೆ ಮರಿಗಳು ಹಸಿವಿಗೆ ಬುಸುಗುಡುತ್ತವೆ. ಮಳೆ ಮುಗಿದು, ಬೆಳೆದ ಮರಿಗಳನ್ನು ಬೇರೆ ಜಾಗ ನೋಡಿಕೊಳ್ಳಿ ಎಂದು ಅಟ್ಟುವಾಗ ಮತ್ತೆ ಗಲಾಟೆ. ಇದರಲ್ಲಿ ನಮ್ಮ ಸಾವಿನ ಸುದ್ದಿ ಎಲ್ಲಿದೆ? ಈಗ ಎಂಟು ದಿನದಿಂದ ಸದ್ದಿಲ್ಲ. "ಪೀಡೆ ತೊಲಗ್ತು ಅಮ್ಮಾ, ತಿರುಗಿ ಬರೋದ್ರೊಳಗೆ ನಾಳೇನೇ ಮರ ಕಡಿಸಿಬಿಡ್ತೀನಿ" ಎನ್ನುತ್ತಾರೆ. "ತೊಲಗಿಲ್ಲಪ್ಪಾ, ಕಾವು ಕೂತಿದೆ" ಎಂದರೆ ನಗುತ್ತಾರೆ. ಇದೇ ಮನುಷ್ಯ, ಮಗಳು ಹೆರಿಗೆಗೆ ಬಂದಾಗ ಕರೆಗಂಟೆಗೆ ಬಟ್ಟೆ ಸುತ್ತಿ, ನನ್ನ ಕುಕ್ಕರ್ ಕೂಗಬಾರದೆಂದು ಗೋಗರೆದು, ತಿಂಗಳುಗಟ್ಟಲೆ ಮಹಡಿಯಲ್ಲಿ ತುದಿಗಾಲಲ್ಲಿ ನಡೆದವರು. ಹಿತ್ತಲಿಗೆ ಹೋಗಲು ನನ್ನ ಅಡುಗೆಮನೆಯೊಂದೇ ದಾರಿ. ಮರಿಗಳು ಹಾರುವ ತನಕ ಆ ಬಾಗಿಲ ಚಿಲಕ ತೆಗೆಯುವುದಿಲ್ಲ, ಮನೆ ಖಾಲಿ ಮಾಡಿಸಿದರೂ ಸರಿಯೇ.